ಕ್ಷೌಮವಿಚಾರ ಅಥವಾ ಅಗಸೆಯ ನಾರು ಅರಿವೆಯಾಗುವ ಕ್ರಮ

೧. ಪೀಠಿಕೆ

ಅಮರಕೋಶವನ್ನು ಬಾಲ್ಯದಲ್ಲಿ ಕಂಠಪಾಠಮಾಡಿದವರಿಗೆ ಕ್ಷೌಮವೆಂಬ ಶಬ್ದವು ಹೊಸದಲ್ಲ. ಅಗ್ನ್ಯಾಧಾನದ ಪ್ರಕರಣದಲ್ಲಿಯೂ, ಸ್ಮೃತಿಗಳ ದ್ರವ್ಯಶುದ್ಧಿಪ್ರಕರಣದಲ್ಲಿಯೂ, ಕಾವ್ಯನಾಟಕಗಳ ಮಂಗಳವರ್ಣನೆಗಳಲ್ಲಿಯೂ ಈ ಶಬ್ದವು ಅಡಿಗಡಿಗೆ ಬರುತ್ತದೆ. ಆದರೆ ಅದು ಯಾವ ದ್ರವ್ಯದಿಂದಾದ ವಸ್ತ್ರ, ಆ ದ್ರವ್ಯವು ವಸ್ತ್ರವಾಗುವ ಬಗೆ ಎಂತು ಎಂದು ಕೇಳಿದರೆ, ನಮ್ಮಲ್ಲಿ ಬಹುಮಂದಿ “ಪಟ್ಟೆವಸ್ತ್ರ” ಎಂದು ಉತ್ತರಕೊಟ್ಟು ಮುಂದಿನ ಪದಕ್ಕೆ ಹೋಗಿಬಿಡುವರು. ನಾನೂ ಪಾಠಶಾಲೆಯಲ್ಲಿ ಹಾಗೆಯೇ ಪಾಠ ಕೇಳಿದವನು. ಇಪ್ಪತ್ತೈದು ವರ್ಷಗಳಿಗೆ ಮೇಲ್ಪಟ್ಟು ಹಾಗೆಯೇ ಪಾಠ ಹೇಳಿದವನು. ಆ ಅರ್ಥವು ತಪ್ಪೆಂಬುದು ನನಗೆ ತಿಳಿದುಬಂದ ಬಗೆಯನ್ನೂ, ತಿಳಿದ ಮೇಲೆ ನಾನು ವಿಚಾರಮಾಡಿದ ಸಂಗತಿಗಳನ್ನೂ ಈ ಲೇಖನದಲ್ಲಿ ವಿದ್ವಾಂಸರ ಮುಂದಿಡುತ್ತಿದ್ದೇನೆ.

ಪ್ರಸಂಗವು ಸಣ್ಣದು. ಬಸವನಗುಡಿಯ ಗಾಂಧಿಬಜಾರಿನಲ್ಲಿ ಅರಿವೆ ಕೊಂಡು ಬಂದಿದ್ದ ಹಳೆಯ ಶಿಷ್ಯನೊಬ್ಬನು ಅದನ್ನು ನನ್ನ ಮುಂದೆ ಬಿಚ್ಚಿ, “ಗುರುಗಳೇ, ಇದಕ್ಕೆ ಲಿನೆನ್ ಅನ್ನುತ್ತಾರೆ. ಇದನ್ನುಟ್ಟು ಪೂಜೆಗೆ ಕೂರಬಹುದೆ? ಇದು ಮಡಿಯೆ?” ಎಂದು ಕೇಳಿದನು. ನಾನು ಹಿಂದುಮುಂದು ನೋಡದೆ, “ಅದು ಪರದೇಶದ ಬಟ್ಟೆ, ನಮ್ಮ ಗ್ರಂಥಗಳಲ್ಲಿ ಅದರ ಪ್ರಸ್ತಾಪವಿಲ್ಲ” ಎಂದೆನು. ಅವನು ಒಪ್ಪಿ ಹೊರಟುಹೋದನು. ಅಂದು ರಾತ್ರಿ, ಲಿನೆನ್ ಎಂಬುದು ಅಗಸೆಯ ಗಿಡದ ನಾರಿನಿಂದಾದುದೆಂದು ಮನೆಯ ಹುಡುಗರು ಹೇಳಿದಾಗ ನನಗೆ ಅಮರಸಿಂಹನ ವೈಶ್ಯವರ್ಗವು ನೆನಪಿಗೆ ಬಂದಿತು. ಅಲ್ಲಿ ಅತಸೀ, ಉಮಾ, ಕ್ಷುಮಾ ಈ ಮೂರೂ ಒಂದೇ ಗಿಡದ ಹೆಸರುಗಳು. ಅತಸಿಯೇ ನಮ್ಮ ಅಗಸೆ. ಕ್ಷುಮೆಯಿಂದಾದುದು ಕ್ಷೌಮ. ಅಂದಮೇಲೆ ನಮ್ಮ ಗ್ರಂಥಗಳಲ್ಲಿ ಪ್ರಸ್ತಾಪವಿಲ್ಲವೆಂದು ನಾನು ತಳ್ಳಿಹಾಕಿದ ಬಟ್ಟೆಯು, ವೇದೋಕ್ತಕರ್ಮದಲ್ಲಿ ದಂಪತಿಗಳು ಉಡಬೇಕೆಂದು ಹೆಸರು ಹಿಡಿದು ಹೇಳಿರುವ ಬಟ್ಟೆಯೇ ಆಗಿದ್ದಿತು!

ನನ್ನಲ್ಲಿ ಓದಿದ ಹಲವರು ಈಗ ತಾವೇ ಪಾಠಹೇಳುತ್ತಿದ್ದಾರೆ. ಅವರ ಮೂಲಕ ನನ್ನ ತಪ್ಪು ಇನ್ನೂ ಒಂದು ತಲೆಮಾರಿಗೆ ಹರಿಯುತ್ತಿರುವುದು. ಆದುದರಿಂದ ಇದನ್ನು ಮನೆಯಲ್ಲಿಯೇ ತಿದ್ದಿಕೊಂಡು ಸುಮ್ಮನಿರುವುದು ಉಚಿತವಲ್ಲವೆಂದು ತೋರಿತು.

೨. ಶಬ್ದವಿಚಾರ

ಕ್ಷೌಮವು ರೇಷ್ಮೆಯಲ್ಲವೆಂಬುದಕ್ಕೆ ಅಮರಕೋಶವೇ ಮೊದಲನೆಯ ಸಾಕ್ಷಿ. ಮನುಷ್ಯವರ್ಗದಲ್ಲಿ ಅಮರಸಿಂಹನು ವಸ್ತ್ರಗಳಿಗೆ ನಾಲ್ಕು ಮೂಲಗಳನ್ನು ಹೇಳುತ್ತಾನೆ: ತೊಗಟೆ, ಕಾಯಿ, ಹುಳು, ರೋಮ. ಒಡನೆಯೇ ಉದಾಹರಣೆಗಳನ್ನೂ ಕೊಡುತ್ತಾನೆ. ಕ್ಷೌಮವೇ ಮೊದಲಾದುವು ತೊಗಟೆಯಿಂದಾದುವು. ಹತ್ತಿಯ ಬಟ್ಟೆಯು ಕಾಯಿಯಿಂದಾದುದು. ಕೌಶೇಯವು ಹುಳುವಿನ ಗೂಡಿನಿಂದಾದುದು. ರಾಂಕವವು ಮೃಗದ ರೋಮದಿಂದಾದುದು. ಇದಕ್ಕಿಂತ ಸ್ಪಷ್ಟವಾದ ವಿಭಾಗವು ಬೇಕಿಲ್ಲ. ಕೌಶೇಯವು ಒಂದು ಕಡೆ, ಕ್ಷೌಮವು ಇನ್ನೊಂದು ಕಡೆ.

ಹೀಗಿದ್ದೂ ಗೊಂದಲವೆಲ್ಲಿಂದ ಬಂದಿತು? ಅದೇ ವರ್ಗದಲ್ಲಿ ಕ್ಷೌಮಕ್ಕೆ ದುಕೂಲವೆಂಬ ಪರ್ಯಾಯಪದವನ್ನು ಹೇಳಿದೆ. ದುಕೂಲವು ಮೊದಲು ನಯವಾದ ನಾರಿನ ವಸ್ತ್ರಕ್ಕೆ ಹೆಸರಾಗಿದ್ದು, ಕಾಲಕ್ರಮದಲ್ಲಿ ನಯವಾದ ಯಾವ ವಸ್ತ್ರಕ್ಕಾದರೂ ಸಲ್ಲತೊಡಗಿತು. ನಮ್ಮ ಕನ್ನಡ ಕಾವ್ಯಗಳಲ್ಲಿಯೂ ದುಕೂಲವೆಂದರೆ ರೇಷ್ಮೆಯೆಂಬ ಭಾವನೆಯೇ ರೂಢಿಗೆ ಬಂದಿದೆ. ದುಕೂಲದ ಬೆನ್ನುಹಿಡಿದು ಕ್ಷೌಮವೂ ರೇಷ್ಮೆಯ ಸಾಲಿಗೆ ಸೇರಿತೆಂದು ನಾನು ಊಹಿಸುತ್ತೇನೆ. ವಸ್ತುವು ಕಣ್ಮರೆಯಾದ ಮೇಲೆ ಶಬ್ದವು ಬಳಿಯಲ್ಲಿರುವ ಇನ್ನೊಂದು ವಸ್ತುವನ್ನು ಆಶ್ರಯಿಸುವುದು ಭಾಷೆಯ ಸ್ವಭಾವವೇ ಆಗಿದೆ.

ಪಾಣಿನಿಯೂ ಈ ಗಿಡವನ್ನು ಬಲ್ಲನು. ನಾಲ್ಕನೆಯ ಅಧ್ಯಾಯದಲ್ಲಿ ಉಮೆ ಮತ್ತು ಊರ್ಣೆ ಎಂಬ ಎರಡು ಶಬ್ದಗಳನ್ನು ಜೊತೆಯಾಗಿ ಹಿಡಿದು, ಅವುಗಳಿಂದಾದ ವಸ್ತುವಿಗೆ ಔಮ ಅಥವಾ ಔಮಕ, ಔರ್ಣ ಅಥವಾ ಔರ್ಣಕ ಎಂಬ ರೂಪಗಳನ್ನು ಹೇಳುತ್ತಾನೆ. ಉಣ್ಣೆಯ ಜೊತೆಯಲ್ಲಿ ಉಮೆಯನ್ನು ಹೇಳಿರುವುದು ಗಮನಾರ್ಹವಾದುದು. ಐದನೆಯ ಅಧ್ಯಾಯದಲ್ಲಿ ಎಳ್ಳು ಬೆಳೆಯುವ ಹೊಲಕ್ಕೆ ತಿಲ್ಯ ಅಥವಾ ತೈಲೀನ ಎನ್ನುವಂತೆ, ಅಗಸೆ ಬೆಳೆಯುವ ಹೊಲಕ್ಕೆ ಉಮ್ಯ ಅಥವಾ ಔಮೀನ ಎಂಬ ರೂಪಗಳನ್ನು ಸಾಧಿಸಿದ್ದಾನೆ. ಹೊಲಕ್ಕೇ ಪ್ರತ್ಯೇಕವಾದ ಹೆಸರು ಬೇಕಾಗುವಷ್ಟು ಈ ಬೆಳೆಯು ಆಗ ಪ್ರಚಾರದಲ್ಲಿದ್ದಿತೆಂದು ಇದರಿಂದ ತಿಳಿಯಬಹುದು.

ಮನುಸ್ಮೃತಿಯ ಐದನೆಯ ಅಧ್ಯಾಯದಲ್ಲಿ ರೇಷ್ಮೆ ಮತ್ತು ಉಣ್ಣೆಯ ಬಟ್ಟೆಗಳನ್ನು ಚೌಳುಮಣ್ಣಿನಿಂದಲೂ, ಕ್ಷೌಮವನ್ನು ಬಿಳಿಯ ಸಾಸಿವೆಯಿಂದಲೂ ಶುದ್ಧಿಮಾಡಬೇಕೆಂದು ವಿಧಿಸಿದೆ. ಎರಡೂ ಒಂದೇ ವಸ್ತುವಾಗಿದ್ದರೆ ಎರಡು ವಿಧಿಗಳೇಕೆ? ಕೌಟಿಲ್ಯನಂತೂ ಸೂತ್ರಾಧ್ಯಕ್ಷನ ಪ್ರಕರಣದಲ್ಲಿ ಕ್ಷೌಮ, ದುಕೂಲ, ಹುಳುವಿನ ನೂಲು, ರಾಂಕವ, ಹತ್ತಿ ಇವುಗಳ ನೇಯ್ಗೆಯ ಕಾರ್ಖಾನೆಗಳನ್ನು ಬೇರೆಬೇರೆಯಾಗಿ ಎಣಿಸಿದ್ದಾನೆ. ಕೋಶಪ್ರವೇಶ್ಯರತ್ನಪರೀಕ್ಷೆಯ ಪ್ರಕರಣದಲ್ಲಿ ಕಾಶಿಯ ಮತ್ತು ಪುಂಡ್ರದೇಶದ ಕ್ಷೌಮಗಳನ್ನು ಹೆಸರಿಸಿದ್ದಾನೆ. ಈ ಅರ್ಥಶಾಸ್ತ್ರವನ್ನು ಮೈಸೂರಿನ ಪ್ರಾಚ್ಯಗ್ರಂಥಾಲಯದಲ್ಲಿದ್ದ ಆರ್. ಶಾಮಶಾಸ್ತ್ರಿಗಳು ೧೯೦೯ರಲ್ಲಿ ಪ್ರಕಟಿಸಿ ಲೋಕಕ್ಕೆ ಕೊಟ್ಟರೆಂಬುದು ನಾಡಿಗೆಲ್ಲ ತಿಳಿದ ವಿಷಯ. ನಮ್ಮವರೇ ಬೆಳಕಿಗೆ ತಂದ ಗ್ರಂಥದಲ್ಲಿ ನಮ್ಮ ತಪ್ಪಿಗೆ ಪರಿಹಾರವಿದ್ದರೂ ನಾವು ನೋಡದೆ ಹೋದೆವು.

ಸುಶ್ರುತಸಂಹಿತೆಯಲ್ಲಿ ಗಾಯಕ್ಕೆ ಕಟ್ಟುವ ಪಟ್ಟಿಗಳ ಪಟ್ಟಿಯಲ್ಲಿ ಕ್ಷೌಮ ಮತ್ತು ಕೌಶೇಯಗಳು ಪ್ರತ್ಯೇಕವಾಗಿವೆ. ಗಾಯವನ್ನು ಹೊಲಿಯುವುದಕ್ಕೆ ಸಣಬಿನ ನೂಲಿನೊಡನೆ ಕ್ಷೌಮದ ನೂಲನ್ನೂ ಹೇಳಿದೆ. ಪಾಶ್ಚಾತ್ಯ ಶಸ್ತ್ರವೈದ್ಯರೂ ಅಗಸೆಯ ನೂಲಿನಿಂದ ಗಾಯಗಳನ್ನು ಹೊಲಿಯುತ್ತಿದ್ದುದುಂಟು. ಕಾಳಿದಾಸನ ಶಾಕುಂತಲದ ನಾಲ್ಕನೆಯ ಅಂಕದಲ್ಲಿ ಗಂಡನ ಮನೆಗೆ ಹೊರಟ ಶಕುಂತಳೆಗೆ ಕ್ಷೌಮವನ್ನು ಕೊಡುವುದು ಒಂದು ಮರ; ಅದರ ಬಣ್ಣವು ಬೆಳುದಿಂಗಳ ಬಿಳುಪು. ಸಸ್ಯದಿಂದ ಹುಟ್ಟಿದ ಬಿಳಿಯ ವಸ್ತ್ರವೆಂಬ ಭಾವನೆಯು ಕವಿಯ ಮನಸ್ಸಿನಲ್ಲಿದ್ದಿತೆಂಬುದು ಇದರಿಂದ ಸ್ಫುಟವಾಗುವುದು.

ಇಲ್ಲಿ ಒಂದು ಎಚ್ಚರಿಕೆಯು ಅವಶ್ಯ. ಕನ್ನಡದಲ್ಲಿ ಅಗಸೆಯೆಂಬ ಶಬ್ದಕ್ಕೆ ಎಣ್ಣೆಕಾಳಿನ ಗಿಡವಲ್ಲದೆ, ಹೂವನ್ನೂ ಸೊಪ್ಪನ್ನೂ ಅಡಿಗೆಗೆ ಬಳಸುವ ಅಗಸೆಯ ಮರವೆಂಬ ಅರ್ಥವೂ, ಉತ್ತರದ ಸೀಮೆಯಲ್ಲಿ ಊರಬಾಗಿಲೆಂಬ ಅರ್ಥವೂ ಉಂಟು. ಸಂಸ್ಕೃತದ ಕ್ಷೌಮಕ್ಕೂ ಪುರವರ್ಗದಲ್ಲಿ ಅಟ್ಟಾಲಕವೆಂಬ ಅರ್ಥವಿದೆ. ಬಾಗಿಲು ಮತ್ತು ಅಟ್ಟಾಲಕಗಳು ಹೀಗೆ ಒಂದೆಡೆ ಕೂಡಿರುವುದು ಕುತೂಹಲಕರವಾದರೂ, ಇದು ಕಾಕತಾಲೀಯವೆಂದೇ ನನ್ನ ಅಭಿಪ್ರಾಯ. ಇದರ ಮೇಲೆ ಸಿದ್ಧಾಂತವನ್ನು ಕಟ್ಟಬಾರದು.

೩. ಗಿಡದ ಸ್ವರೂಪ

ಅಗಸೆಯು ಒಂದು ವರ್ಷದ ಗಿಡ. ಎಲೆಯು ಕಿರಿದು, ಹೂವು ನೀಲಿ. ಶ್ರೀಕೃಷ್ಣನ ಮೈಬಣ್ಣಕ್ಕೆ ಸ್ತೋತ್ರಗಳಲ್ಲಿ ಉಪಮಾನವಾಗಿರುವುದು ಈ ಹೂವೇ. ಹೂವು ಬೆಳಗ್ಗೆ ಅರಳಿ ಮಧ್ಯಾಹ್ನದೊಳಗೆ ಎಸಳನ್ನು ಉದುರಿಸುವುದು. ಸ್ವೀಡನ್ ದೇಶದ ಲಿನ್ನೇಯಸ್ ಎಂಬ ಸಸ್ಯಶಾಸ್ತ್ರಜ್ಞನು ೧೭೫೩ರಲ್ಲಿ ಇದಕ್ಕೆ ಲೈನಮ್ ಯುಸಿಟಾಟಿಸ್ಸಿಮಮ್, ಎಂದರೆ ಅತ್ಯಂತ ಉಪಯುಕ್ತವಾದ ಅಗಸೆ, ಎಂಬ ಹೆಸರನ್ನಿಟ್ಟನು. ಲ್ಯಾಟಿನ್ ಭಾಷೆಯ ಈ ಲೈನಮ್ ಶಬ್ದವೇ ಲಿನೆನ್ ಎಂಬುದಕ್ಕೆ ಮೂಲ.

ಈ ಗಿಡದಲ್ಲಿ ಎರಡು ಬಗೆ. ಎಣ್ಣೆಯ ಅಗಸೆಯು ಗಿಡ್ಡು. ಮೊಳದಿಂದ ಒಂದೂವರೆ ಮೊಳದವರೆಗೆ ಬೆಳೆದು, ಬುಡದಿಂದಲೇ ಕವಲೊಡೆದು, ಹೆಚ್ಚು ಕಾಯಿ ಬಿಡುವುದು. ನಾರಿನ ಅಗಸೆಯು ಎರಡು ಮೊಳಕ್ಕೂ ಮೇಲೆ ನೆಟ್ಟಗೆ ಬೆಳೆದು, ತುದಿಯಲ್ಲಿ ಮಾತ್ರ ಕವಲೊಡೆಯುವುದು. ಮೊದಲನೆಯದಕ್ಕೆ ಬಿಸಿಲು ಮತ್ತು ಒಣಹವೆಯು ಹಿತ. ಎರಡನೆಯದಕ್ಕೆ ತಂಪು ಮತ್ತು ತೇವವು ಹಿತ. ನಾರಿಗಾಗಿ ಬಿತ್ತುವವರು ಬೀಜವನ್ನು ಬಹು ದಟ್ಟವಾಗಿ ಚೆಲ್ಲುವರು. ಗಿಡಗಳು ಒತ್ತಾಗಿದ್ದರೆ ಕವಲೊಡೆಯಲು ಎಡೆಯಿಲ್ಲದೆ ಬೆಳಕಿಗಾಗಿ ಮೇಲಕ್ಕೇ ಏರುವುವು. ಕವಲಿಲ್ಲದ ಕಾಂಡದಲ್ಲಿ ಮಾತ್ರ ನಾರು ಬುಡದಿಂದ ತುದಿಯವರೆಗೆ ಕಡಿಯದೆ ಓಡುವುದು.

ನಮ್ಮ ನಾಡಿನಲ್ಲಿ ವಿಜಯಪುರ, ಬಾಗಲಕೋಟೆ, ಧಾರವಾಡ, ಗದಗ, ಕಲಬುರಗಿ, ಬೀದರ ಮೊದಲಾದ ಕರಿಯ ಮಣ್ಣಿನ ಸೀಮೆಗಳಲ್ಲಿ ಹಿಂಗಾರಿಯಲ್ಲಿ ಬೆಳೆಯುವುದು ಎಣ್ಣೆಯ ಅಗಸೆ. ಕಡಲೆ ಮತ್ತು ಕುಸುಬೆಗಳ ನಡುವೆ ಸಾಲಾಗಿ ಬಿತ್ತುವುದೂ ಉಂಟು. ಅಲ್ಲಿಯವರು ಕಾಳನ್ನು ಹುರಿದು ಕುಟ್ಟಿ, ಚಟ್ನಿಪುಡಿ ಮಾಡಿ ಜೋಳದ ರೊಟ್ಟಿಯೊಡನೆ ಉಣ್ಣುವರು. ಬೆಂಗಳೂರಿನಲ್ಲಿ ಗ್ರಂದಿಗೆ ಅಂಗಡಿಗಳಲ್ಲಿ ಅಗಸೆಯು ದೊರೆಯುವುದು. ಆದರೆ ಇಲ್ಲೆಲ್ಲ ಅಗಸೆಯೆಂದರೆ ಕಾಳು; ಅದರ ಕಾಂಡದಲ್ಲಿ ಬಟ್ಟೆ ಇದೆಯೆಂಬುದು ಯಾರ ನೆನಪಿನಲ್ಲಿಯೂ ಇಲ್ಲ. ಕಾಳು ಬಡಿದುಕೊಂಡ ಮೇಲೆ ಕಾಂಡವು ಒಲೆಗೆ ಹೋಗುವುದು ಅಥವಾ ಹೊಲದಲ್ಲಿಯೇ ಸುಟ್ಟುಹೋಗುವುದು.

೪. ನಾರನ್ನು ತೆಗೆಯುವ ಕ್ರಮ

ಈಜಿಪ್ಟ್ ದೇಶದ ಪ್ರಾಚೀನ ಸಮಾಧಿಗಳ ಚಿತ್ರಗಳಲ್ಲಿಯೂ, ರೋಮಿನ ಪ್ಲಿನಿ ಎಂಬ ಪಂಡಿತನು ತನ್ನ ಪ್ರಕೃತಿಚರಿತ್ರೆಯ ಹತ್ತೊಂಬತ್ತನೆಯ ಪುಸ್ತಕದಲ್ಲಿ ಬರೆದ ವಿವರಣೆಯಲ್ಲಿಯೂ, ಐರೋಪ್ಯ ಗ್ರಾಮಗಳ ನಿನ್ನೆ ಮೊನ್ನೆಯ ಪದ್ಧತಿಯಲ್ಲಿಯೂ ಈ ಕ್ರಮವು ಬಹುಮಟ್ಟಿಗೆ ಒಂದೇ ಆಗಿದೆ. ಅದನ್ನು ಏಳು ಸಂಸ್ಕಾರಗಳನ್ನಾಗಿ ವಿಭಾಗಿಸಿ ಹೇಳುತ್ತೇನೆ.

ಮೊದಲನೆಯದು ಕೀಳುವುದು. ಅಗಸೆಯನ್ನು ನಾರಿಗಾಗಿ ಬೆಳೆದವರು ಕುಡುಗೋಲಿನಿಂದ ಕೊಯ್ಯುವುದಿಲ್ಲ, ಬೇರುಸಹಿತ ಕೀಳುತ್ತಾರೆ. ಕೊಯ್ದರೆ ಬುಡದ ನಾರು ಹೊಲದಲ್ಲಿಯೇ ಉಳಿದು ಉದ್ದವು ನಷ್ಟವಾಗುವುದು. ಬಿತ್ತಿದ ಸುಮಾರು ನೂರು ದಿನಗಳಿಗೆ, ಕಾಂಡದ ಕೆಳಭಾಗವು ಹಳದಿಯಾಗಿ ಮೇಲ್ಭಾಗವು ಇನ್ನೂ ಹಸಿರಾಗಿರುವಾಗ ಕೀಳುವುದು ಹದ. ಹಸಿರಿನಲ್ಲಿ ಕಿತ್ತರೆ ನಾರು ನಯವಾದರೂ ಬಲವಿಲ್ಲ. ಪೂರ್ತಿ ಬಲಿತ ಮೇಲೆ ಕಿತ್ತರೆ ಬಲವಿದ್ದರೂ ಒರಟು.

ಎರಡನೆಯದು ಕಾಯಿ ಬಿಡಿಸುವುದು. ಸಿವುಡುಗಳನ್ನು ಒಣಗಿಸಿ, ಹಲಗೆಗೆ ನಾಟಿದ ಕಬ್ಬಿಣದ ಹಲ್ಲುಗಳ ನಡುವೆ ತುದಿಗಳನ್ನು ಎಳೆದರೆ ಕಾಯಿಗಳು ಉದುರುವುವು. ಅವು ಬಿತ್ತನೆಗೂ ಎಣ್ಣೆಗೂ ಒದಗುವುವು.

ಮೂರನೆಯದು ಕೊಳೆಹಾಕುವುದು. ಇದೇ ಎಲ್ಲಕ್ಕೂ ಪ್ರಾಣ. ಕಾಂಡದ ನಡುವೆ ಬೆಂಡು, ಹೊರಗೆ ತೊಗಟೆ, ಎರಡರ ಮಧ್ಯದಲ್ಲಿ ನಾರಿನ ಎಳೆಗಳು. ಎಳೆಗಳನ್ನು ಸುತ್ತಲಿನ ಭಾಗಗಳಿಗೆ ಅಂಟಿಸಿರುವುದು ಪೆಕ್ಟಿನ್ ಎಂಬ ಒಂದು ಬಗೆಯ ಅಂಟು. ನೀರಿನಲ್ಲಿ ಮುಳುಗಿಸಿಟ್ಟಾಗ ಕಣ್ಣಿಗೆ ಕಾಣದ ಸೂಕ್ಷ್ಮಜೀವಿಗಳು ಈ ಅಂಟನ್ನು ತಿಂದು ನಾರನ್ನು ಬಿಡುಗಡೆಮಾಡುವುವು. ನಾರು ಮುಖ್ಯವಾಗಿ ಸೆಲ್ಯುಲೋಸ್ ಎಂಬ ಬೇರೊಂದು ದ್ರವ್ಯದಿಂದಾದುದರಿಂದ ಅಷ್ಟು ಬೇಗನೆ ಅವುಗಳಿಗೆ ಆಹಾರವಾಗದು. ಆದರೆ ಮಿತಿಮೀರಿದರೆ ಅದೂ ಕೊಳೆಯುವುದು. ಬೆಚ್ಚನೆಯ ನಿಂತ ನೀರಿನಲ್ಲಿ ವಾರ ಹತ್ತು ದಿನಗಳು ಸಾಕು. ತಣ್ಣನೆಯ ನೀರಿನಲ್ಲಿ ಇನ್ನೂ ಹೆಚ್ಚು. ನೀರಿಲ್ಲದ ಕಡೆ ಕಾಂಡಗಳನ್ನು ಹುಲ್ಲಿನ ಮೇಲೆ ಹರಡಿ, ಮೂರರಿಂದ ಆರು ವಾರಗಳವರೆಗೆ ಇಬ್ಬನಿಗೂ ಬಿಸಿಲಿಗೂ ಬಿಟ್ಟು, ಆಗಾಗ ಮಗುಚುವರು. ಅಲ್ಲಿ ಕೆಲಸಮಾಡುವುದು ಬೂಷ್ಟು. ನೀರಿನಲ್ಲಿ ಹದವಾದ ನಾರಿಗೆ ಹೊಂಬಣ್ಣವೂ, ಇಬ್ಬನಿಯಲ್ಲಿ ಹದವಾದುದಕ್ಕೆ ಬೂದುಬಣ್ಣವೂ ಬರುವುದು. ಬೆಲ್ಜಿಯಂ ದೇಶದ ಕೋರ್ಟ್ರೈಕ್ ಪಟ್ಟಣದ ಬಳಿ ಹರಿಯುವ ಲೈ ಎಂಬ ಹೊಳೆಗೆ ಹೊನ್ನಿನ ಹೊಳೆಯೆಂಬ ಹೆಸರು ಬಂದುದು ಅಲ್ಲಿ ಅಗಸೆಯನ್ನು ಕೊಳೆಹಾಕುತ್ತಿದ್ದುದರಿಂದಲೇ.

ನಾಲ್ಕನೆಯದು ಮುರಿಯುವುದು. ಒಣಗಿಸಿದ ಕಾಂಡವನ್ನು ಮರದ ಕೊಡತಿಯಿಂದ ಬಡಿದರೆ ಬೆಂಡು ಚೂರುಚೂರಾಗುವುದು. ನಾರು ಬಳುಕುವುದೇ ಹೊರತು ಮುರಿಯದು. ಐದನೆಯದು ಹೊಡೆಯುವುದು. ಹಿಡಿನಾರನ್ನು ಹಲಗೆಯ ಅಂಚಿಗೆ ಇಳಿಬಿಟ್ಟು, ಮೊಂಡಾದ ಮರದ ಕತ್ತಿಯಿಂದ ಸವರುತ್ತ ಹೊಡೆದು ಬೆಂಡಿನ ಚೂರುಗಳನ್ನು ಉದುರಿಸುವರು. ಆರನೆಯದು ಬಾಚುವುದು. ಮೊದಲು ವಿರಳವಾದ, ಆಮೇಲೆ ದಟ್ಟವಾದ ಕಬ್ಬಿಣದ ಹಲ್ಲುಗಳಲ್ಲಿ ಎಳೆದರೆ ಉದ್ದನೆಯ ನಾರು ಕೈಯಲ್ಲಿ ಉಳಿಯುವುದು. ಗಿಡ್ಡನಾರು ಹಲ್ಲಿನಲ್ಲಿ ಉಳಿಯುವುದು. ಉದ್ದನಾರು ನಯವಾದ ಬಟ್ಟೆಗೆ, ಗಿಡ್ಡನಾರು ಹಗ್ಗಕ್ಕೂ ಒರಟು ಬಟ್ಟೆಗೂ ಸಲ್ಲುವುದು.

ಏಳನೆಯದು ನೂಲುವುದು. ಇಲ್ಲಿ ಹತ್ತಿಗೂ ಅಗಸೆಗೂ ದೊಡ್ಡ ಭೇದವಿದೆ. ಹತ್ತಿಯನ್ನು ಹಂಜಿಮಾಡಿ ಒಣಗಿಯೇ ನೂಲುವೆವು. ಅಗಸೆಯ ನಾರನ್ನು ಬೆರಳು ಒದ್ದೆಮಾಡಿಕೊಂಡು ನೂಲಬೇಕು. ಇಲ್ಲವಾದರೆ ಎಳೆಗಳು ಸೆಟೆದು ನಿಲ್ಲುವುವು. ಯಂತ್ರದಲ್ಲಿಯೂ ಈ ಕಟ್ಟು ತಪ್ಪಲಿಲ್ಲ. ೧೮೨೫ರಲ್ಲಿ ಇಂಗ್ಲೆಂಡಿನ ಜೇಮ್ಸ್ ಕೇ ಎಂಬಾತನು ನಾರನ್ನು ನೀರಿನಲ್ಲಿ ನೆನೆಸಿ ನೂಲುವ ವಿಧಾನವನ್ನು ತೋರಿಸಿದ ಮೇಲೆಯೇ ಗಿರಣಿಗಳಲ್ಲಿ ನಯವಾದ ನೂಲು ಸಾಧ್ಯವಾಯಿತು. ನೇಯ್ದ ಮೇಲೆ ಬಟ್ಟೆಯನ್ನು ಬೂದಿಯ ತಿಳಿನೀರಿನಲ್ಲಿ ಕುದಿಸಿ, ಹುಲ್ಲಿನ ಮೇಲೆ ಹರಡಿ, ತಿಂಗಳುಗಟ್ಟಲೆ ಬಿಸಿಲಿಗೆ ಬಿಟ್ಟು ಬಿಳಿದುಮಾಡುತ್ತಿದ್ದರು. ಈ ಬಟ್ಟೆಗೆ ಒದ್ದೆಯಾದಾಗ ಬಲವು ಕಡಿಮೆಯಾಗದೆ ಹೆಚ್ಚುವುದೆಂಬುದು ಒಂದು ವಿಶೇಷ. ದಿನವೂ ಒಗೆದು ಒಣಹಾಕುವ ಮಡಿಬಟ್ಟೆಗೆ ಇದಕ್ಕಿಂತ ಉಚಿತವಾದ ಗುಣವಿಲ್ಲ.

ಕೌಟಿಲ್ಯನು ಕೋಷ್ಠಾಗಾರಾಧ್ಯಕ್ಷನ ಪ್ರಕರಣದಲ್ಲಿ ಹತ್ತಿ ಮತ್ತು ಕ್ಷೌಮಗಳಿಗೆ ಐದು ಪಲಕ್ಕೆ ಒಂದು ಪಲ ನೂಲೆಂದು ಲೆಕ್ಕವನ್ನು ಹೇಳಿದ್ದಾನೆ. ಆ ಐದು ಪಲವು ಕಾಂಡದ ತೂಕವೋ ನಾರಿನ ತೂಕವೋ ಎಂಬುದನ್ನು ಅಲ್ಲಿ ಬಿಡಿಸಿ ಹೇಳಿಲ್ಲ. ಕೊಳೆಹಾಕಿ ಒಣಗಿಸಿದ ಕಾಂಡದಿಂದ ದೊರೆಯುವ ಉದ್ದನಾರು ಇಂದಿಗೂ ಸುಮಾರಾಗಿ ಐದರಲ್ಲೊಂದು ಪಾಲಿನ ಆಸುಪಾಸಿನಲ್ಲಿರುವುದರಿಂದ, ಕಾಂಡವೆಂಬ ಪಕ್ಷವೇ ಯುಕ್ತವೆಂದು ನನಗೆ ತೋರುತ್ತದೆ. ಅದೇ ಪ್ರಕರಣದಲ್ಲಿ ಅತಸಿಯ ಕಾಳಿನಿಂದ ಆರರಲ್ಲೊಂದು ಪಾಲು ಎಣ್ಣೆಯೆಂದೂ ಹೇಳಿದೆ. ಒಂದೇ ಗಿಡದ ನಾರನ್ನೂ ಎಣ್ಣೆಯನ್ನೂ ಎರಡನ್ನೂ ರಾಜನ ಉಗ್ರಾಣವು ಲೆಕ್ಕಕ್ಕೆ ತೆಗೆದುಕೊಂಡಿದ್ದಿತು.

೫. ದಕ್ಷಿಣಾಪಥದ ಸಾಕ್ಷ್ಯ

ಇವೆಲ್ಲ ಉತ್ತರದೇಶದ ಮಾತು, ನಮ್ಮ ಕಡೆಗೆ ಇದು ಬಂದಿತ್ತೆ ಎಂದು ಕೇಳಬಹುದು. ಪುಣೆಯ ಜಿಲ್ಲೆಯ ಚಾಂದೋಲಿ ಎಂಬಲ್ಲಿ ೧೯೬೦ರ ಸುಮಾರಿನಲ್ಲಿ ನಡೆದ ಉತ್ಖನನದಲ್ಲಿ ತಾಮ್ರಶಿಲಾಯುಗದ ತಾಮ್ರದ ಮಣಿಗಳು ದೊರೆತುವು. ಆ ಮಣಿಗಳನ್ನು ಪೋಣಿಸಿದ್ದ ದಾರವು ಪರೀಕ್ಷೆಯಲ್ಲಿ ಅಗಸೆಯ ನಾರೆಂದು ಗೊತ್ತಾಯಿತು. ಎಂದರೆ ಈಗ್ಗೆ ಮೂರು ಸಾವಿರ ವರ್ಷಗಳಿಗೂ ಹಿಂದೆ ದಖ್ಖನಿನಲ್ಲಿ ಈ ನಾರಿನ ಬಳಕೆಯಿದ್ದಿತು. ಪ್ರಪಂಚದಲ್ಲಿ ಇನ್ನೂ ಹಿಂದಿನ ಕುರುಹುಗಳಿವೆ. ಜಾರ್ಜಿಯ ದೇಶದ ಜುಜುವಾನಾ ಗುಹೆಯಲ್ಲಿ ಮೂವತ್ತು ಸಾವಿರ ವರ್ಷಗಳ ಹಿಂದಿನ ಕಾಡಗಸೆಯ ನಾರುಗಳು ದೊರೆತುವೆಂದು ೨೦೦೯ರಲ್ಲಿ ವಿದ್ವಾಂಸರು ಪ್ರಕಟಿಸಿದರು.

ಆಮೇಲೆ ಹತ್ತಿಯು ಗೆದ್ದಿತು. ಹತ್ತಿಗೆ ಕೀಳುವುದು, ಕೊಳೆಹಾಕುವುದು, ಮುರಿಯುವುದು, ಹೊಡೆಯುವುದು ಯಾವುದೂ ಬೇಡ. ಬೀಜ ತೆಗೆದು ಹಿಂಜಿದರೆ ನೂಲುವುದಕ್ಕೆ ಸಿದ್ಧ. ನಮ್ಮ ಪೇಟೆಯಲ್ಲಿ ಅರಳೆಯ ಹೆಸರಿನ ಬೀದಿಯೇ ಇದೆ, ಕ್ಷೌಮದ ಹೆಸರಿನದಿಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಇಂಗ್ಲಿಷರು ಹಿಂದೂದೇಶದಲ್ಲಿ ನಾರಿನ ಅಗಸೆಯನ್ನು ಬೆಳೆಸುವ ಪ್ರಯತ್ನಗಳನ್ನು ಮಾಡಿದರು. ಅವುಗಳ ವೃತ್ತಾಂತವು ಫೋರ್ಬ್ಸ್ ರಾಯ್ಲ್ ಎಂಬಾತನು ೧೮೫೫ರಲ್ಲಿ ಪ್ರಕಟಿಸಿದ ಭಾರತದ ನಾರುಗಿಡಗಳ ಗ್ರಂಥದಲ್ಲಿದೆ. ಆದರೆ ರೈತನಿಗೆ ಕಾಳು ಮಾರಿದರೆ ಕೈಗೆ ಹಣ. ನಾರು ತೆಗೆಯುವುದು ಬರಿಯ ದುಡಿಮೆ. ಬೆಳೆಯು ಕಾಳಿನದಾಗಿಯೇ ಉಳಿಯಿತು.

ಆದರೂ ಕ್ರಮವು ನಮ್ಮಲ್ಲಿ ಸಂಪೂರ್ಣವಾಗಿ ನಷ್ಟವಾಗಲಿಲ್ಲ. ಅದು ಬೇರೊಂದು ಗಿಡದಲ್ಲಿ ಬದುಕಿತು. ಆ ಗಿಡವೇ ಸಣಬು; ಜನಪವೆಂದೂ ಹೇಳುವರು. ಫ್ರಾನ್ಸಿಸ್ ಬುಕನನ್ ಎಂಬಾತನು ೧೮೦೦–೦೧ರಲ್ಲಿ ಮೈಸೂರು ಸೀಮೆಯನ್ನು ಸುತ್ತಿ, ೧೮೦೭ರಲ್ಲಿ ಮೂರು ಸಂಪುಟಗಳಾಗಿ ಪ್ರಕಟಿಸಿದ ಪ್ರವಾಸಗ್ರಂಥದಲ್ಲಿ, ಇಲ್ಲಿನ ಗೋಣಿ ನೇಯುವವರ ಕಸಬನ್ನು ವಿವರಿಸಿದ್ದಾನೆ. ಸಣಬಿನ ಕಂತೆಗಳನ್ನು ಕೆಲವು ದಿನ ನೀರಿನಲ್ಲಿ ಮುಳುಗಿಸುವುದು, ತೊಗಟೆಯು ಬೆಂಡಿನಿಂದ ಸುಲಭವಾಗಿ ಬಿಡುವುದೇ ಹದವೆಂದು ತಿಳಿಯುವುದು, ಹಿಡಿಹಿಡಿಯಾಗಿ ನೆಲಕ್ಕೆ ಬಡಿದು ತೊಳೆಯುವುದು, ಒಣಗಿಸಿ ಕೋಲಿನಿಂದ ಬಡಿದು ಎಳೆ ಬಿಡಿಸುವುದು, ಕದಿರಿನಲ್ಲಿ ನೂಲುವುದು ಎಂದು ಹೇಳಿದ ಆ ಕ್ರಮವನ್ನು ಮೇಲೆ ಹೇಳಿದ ಅಗಸೆಯ ಕ್ರಮದೊಡನೆ ಹೋಲಿಸಿದರೆ, ಎರಡೂ ಒಂದೇ ವಿದ್ಯೆಯ ಎರಡು ಶಾಖೆಗಳೆಂಬುದು ತಾನಾಗಿಯೇ ಗೊತ್ತಾಗುವುದು. ಉತ್ತರಕರ್ಣಾಟಕದಲ್ಲಿ ಪುಂಡಿಯ ನಾರನ್ನೂ ಹೀಗೆಯೇ ತೆಗೆಯುವರು.

ಈ ಎರಡು ನಾರುಗಳ ಸಂಬಂಧವು ಶಾಸ್ತ್ರದಲ್ಲಿಯೂ ಉಂಟು. ಮನುವು ಬ್ರಹ್ಮಚಾರಿಗಳ ಉಡುಪಿಗೆ ಸಣಬು, ಕ್ಷೌಮ, ಉಣ್ಣೆ ಎಂದು ಕ್ರಮವಾಗಿ ಹೇಳಿದ್ದಾನೆ. ಸೂತ್ರಾಧ್ಯಕ್ಷನ ಪ್ರಕರಣದಲ್ಲಿ ವಿಧವೆಯರೇ ಮೊದಲಾದ ನಿರಾಶ್ರಯ ಸ್ತ್ರೀಯರಿಂದ ನೂಲಿಸಬೇಕಾದ ದ್ರವ್ಯಗಳ ಪೈಕಿ ಶಣ ಮತ್ತು ಕ್ಷೌಮಗಳು ಅಕ್ಕಪಕ್ಕದಲ್ಲಿವೆ. ಗೋಣಿಯ ಶಬ್ದವಂತೂ ಪಾಣಿನಿಯ ಕಾಲದಿಂದಲೂ ಚೀಲವೆಂಬ ಅರ್ಥದಲ್ಲಿಯೇ ನಡೆದುಬಂದ, ಇಂಗ್ಲಿಷಿಗೂ ಹೋಗಿ ಸೇರಿದ ಶಬ್ದ.

೬. ಒಂದು ಪರೀಕ್ಷೆ

ಗ್ರಂಥದಲ್ಲಿ ಓದಿದುದನ್ನು ಕಣ್ಣಿನಿಂದ ನೋಡಬೇಕೆಂದು ನನಗೆ ಆಶೆಯಾಯಿತು. ಧಾರವಾಡದ ಸೀಮೆಯಲ್ಲಿ ಬೇಸಾಯವಿರುವ ಬಂಧುಗಳಿಗೆ ಬರೆದು, ಅಗಸೆಯ ಎರಡು ಕಂತೆಗಳನ್ನು ತರಿಸಿದೆನು. ಒಂದು, ಕಾಳು ಬಡಿದ ಮೇಲೆ ಉಳಿದ ಕಾಂಡ. ಇನ್ನೊಂದು, ನನ್ನ ಕೋರಿಕೆಯಂತೆ ಬುಡವು ಹಳದಿಯಾದಾಗಲೇ ಬೇರುಸಹಿತ ಕಿತ್ತುದು. ಚಾಮರಾಜಪೇಟೆಯ ನಮ್ಮ ಮನೆಯ ಹಿತ್ತಿಲಿನ ಕಲ್ಲುತೊಟ್ಟಿಯಲ್ಲಿ ಎರಡನ್ನೂ ನೀರಿಗೆ ಹಾಕಿ ಮೇಲೆ ಕಲ್ಲು ಹೇರಿದೆನು. ನಾಲ್ಕನೆಯ ದಿನ ನೊರೆಯೆದ್ದಿತು. ಐದನೆಯ ದಿನ ದುರ್ಗಂಧವು ಹೊರಟು, ನೆರೆಯವರು ಬಾಗಿಲಿಗೆ ಬಂದು ವಿಚಾರಿಸಿದರು. ಶ್ರೌತಕರ್ಮದ ಪವಿತ್ರವಸ್ತ್ರವು ಹುಟ್ಟುವುದು ಇಂಥ ನಾತದಲ್ಲಿ ಎಂದು ಅವರಿಗೆ ತಿಳಿಸುವುದು ಸುಲಭವಾಗಿರಲಿಲ್ಲ.

ಏಳನೆಯ ದಿನ ಕಿತ್ತ ಕಂತೆಯ ಕಾಂಡವನ್ನು ಬಾಗಿಸಿದಾಗ ನಾರು ತಾನಾಗಿಯೇ ಬಿಲ್ಲಿನ ಹೆದೆಯಂತೆ ಬೇರ್ಪಟ್ಟು ನಿಂತಿತು. ಬಲಿತ ಕಂತೆಗೆ ಇನ್ನೂ ಮೂರು ದಿನ ಬೇಕಾಯಿತು. ಅದರ ನಾರು ತುಂಡುತುಂಡಾಗಿ, ಒರಟಾಗಿ ಬಂದಿತು. ಒಣಗಿಸಿ ಬಡಿದು, ಹಳೆಯ ಬಾಚಣಿಗೆಯಲ್ಲಿ ಬಾಚಿದ ಮೇಲೆ, ಕಿತ್ತ ಕಂತೆಯಿಂದ ಒಂದು ಹಿಡಿ ಹೊಂಬಣ್ಣದ ನಾರು ಉಳಿಯಿತು. ಅದನ್ನು ತಕಲಿಗೆ ಹಚ್ಚಿ ನೂಲಲು ಹೋದರೆ ಎಳೆಗಳು ಕೂಡಲೊಲ್ಲವು. ಆಗ ನಮ್ಮ ಬೀದಿಗೆ ಸೊಪ್ಪು ಮಾರಲು ಬರುವ ವೃದ್ಧೆಯೊಬ್ಬಳು ನೋಡಿ, “ಸ್ವಾಮಿ, ಒಣನಾರು ಕೈಗೆ ಒಗ್ಗಾಕಿಲ್ಲ, ನೀರು ಮುಟ್ಟಿಸಿ ಹೊಸೀಬೇಕು. ನಮ್ಮೂರ ಕೆರೇಲಿ ಸಣಬು ನೆನೆಹಾಕ್ತಿದ್ದಾಗ ನಮ್ಮಪ್ಪ ಹಂಗೇ ಮಾಡ್ತಿದ್ದ” ಎಂದು, ಬೆರಳನ್ನು ನೀರಿನಲ್ಲದ್ದಿ, ತೊಡೆಯ ಮೇಲೆ ಹೊಸೆದು ತೋರಿಸಿದಳು. ಜೇಮ್ಸ್ ಕೇ ಯಂತ್ರಕ್ಕೆ ಕಲಿಸಿದುದನ್ನು ಆಕೆಯು ತಂದೆಯ ಕೈಯಿಂದಲೇ ಕಲಿತಿದ್ದಳು. ಕೋಶಗಳಲ್ಲಿ ನಾನು ಹುಡುಕಿ ಕಾಣದ ಮಾತು ಅದು.

ಒಟ್ಟು ಮೂರು ಮಾರಿನಷ್ಟು ದಾರವು ಆಯಿತು. ಬಟ್ಟೆಗೆ ಸಾಲದು. ನನ್ನ ಪ್ರಶ್ನೆಗೆ ಸಾಕು.

೭. ಉಪಸಂಹಾರ

ಇದುವರೆಗೆ ಹೇಳಿದುದರಿಂದ ಮೂರು ವಿಷಯಗಳು ಸಿದ್ಧವಾಗುತ್ತವೆ. ಕ್ಷೌಮವು ಅಗಸೆಯ ನಾರಿನ ವಸ್ತ್ರವೇ ಹೊರತು ರೇಷ್ಮೆಯಲ್ಲ. ಅದನ್ನು ಮಾಡುವ ವಿದ್ಯೆಯು ಸಣಬು ಪುಂಡಿಗಳ ಕಸಬಿನಲ್ಲಿ ನಮ್ಮ ನಾಡಿನಲ್ಲಿ ಉಳಿದುಬಂದಿತು. ನಮ್ಮ ಅಗಸೆಯು ಕಾಳಿನ ಜಾತಿಯದಾದುದರಿಂದ ಅದರಿಂದ ನಯವಾದ ಬಟ್ಟೆಯಾಗುವುದು ಕಷ್ಟ. ಇಂದು ಅಂಗಡಿಗಳಲ್ಲಿ ಮಾರುವ ಲಿನೆನ್ ಬಟ್ಟೆಯ ನಾರು ಬಹುಪಾಲು ಫ್ರಾನ್ಸ್, ಬೆಲ್ಜಿಯಂ ದೇಶಗಳಿಂದ ಬರುತ್ತದೆ. ಬಂಗಾಳದ ಬ್ಯಾರಕ್‌ಪುರದಲ್ಲಿರುವ ಕೇಂದ್ರಸರ್ಕಾರದ ಸೆಣಬಿನ ಸಂಶೋಧನಾಲಯವು ನಾರಿನ ಅಗಸೆಯನ್ನು ನಮ್ಮ ದೇಶದಲ್ಲಿ ಬೆಳೆಸುವ ವಿಷಯದಲ್ಲಿ ಪರಿಶ್ರಮಿಸುತ್ತಿದೆ.

ಶಿಷ್ಯನ ಪ್ರಶ್ನೆಗೆ ಉತ್ತರವನ್ನು ಈಗ ಹೇಳಬೇಕು. ಅಗ್ನ್ಯಾಧಾನದಲ್ಲಿ ದಂಪತಿಗಳು ಕ್ಷೌಮವನ್ನುಡಬೇಕೆಂಬ ವಿಧಿಯನ್ನು ಮೀಮಾಂಸಕರು ಆರನೆಯ ಅಧ್ಯಾಯದಲ್ಲಿ ವಿಚಾರಕ್ಕೆ ತೆಗೆದುಕೊಂಡಿದ್ದಾರೆ. ವಸ್ತುವಿನ ದೃಷ್ಟಿಯಿಂದ ನೋಡಿದರೆ ಅವನು ಕೊಂಡುತಂದ ಬಟ್ಟೆಯು ಆ ಕ್ಷೌಮವೇ. ಬೆರಕೆಯಿಲ್ಲದ ನಾರಿನದಾಗಿದ್ದು, ಒಗೆದು ಶುದ್ಧಮಾಡಿದುದಾಗಿದ್ದರೆ, ಅದನ್ನುಟ್ಟು ಪೂಜೆಗೆ ಕೂರಲು ನನಗೆ ಬಾಧಕವು ಕಾಣದು. ಅವನಿಗೆ ಹೀಗೆಂದು ಬರೆದು ತಿಳಿಸಿದ್ದೇನೆ. ಮೊದಲು ಹೇಳಿದುದು ನನ್ನ ಅಜ್ಞಾನವೆಂದೂ ಬರೆದಿದ್ದೇನೆ.

ಕೊನೆಯದಾಗಿ ಸದಸ್ಯಮಹಾಶಯರಲ್ಲಿ ಒಂದು ಬಿನ್ನಪ. ಗೋಣಿಯ ಸ್ಥಾನಕ್ಕೆ ಪ್ಲಾಸ್ಟಿಕ್ ಚೀಲಗಳು ಬಂದ ಮೇಲೆ ಸಣಬನ್ನು ನಾರಿಗಾಗಿ ಕೊಳೆಹಾಕುವ ಹಳ್ಳಿಗಳು ವಿರಳವಾಗುತ್ತಿವೆ. ಗಿಡವು ಗದ್ದೆಗೆ ಹಸಿರುಗೊಬ್ಬರವಾಗಿ ಮಾತ್ರ ಉಳಿದಿದೆ. ಹದ ನೋಡುವುದಕ್ಕೆ, ಬಡಿಯುವುದಕ್ಕೆ, ಬಿಡಿಸುವುದಕ್ಕೆ, ಹೊಸೆಯುವುದಕ್ಕೆ ಆ ಕಸಬಿನವರಲ್ಲಿದ್ದ ಕನ್ನಡದ ಮಾತುಗಳು ಮುದುಕರೊಡನೆ ಹೋಗುತ್ತಿವೆ. ಈ ಲೇಖನದಲ್ಲಿ ಆ ಸಂಸ್ಕಾರಗಳಿಗೆ ನಾನು ಕೊಟ್ಟ ಹೆಸರುಗಳಲ್ಲಿ ಹಲವು ನಾನೇ ಕಟ್ಟಿಕೊಂಡುವು; ಅವುಗಳ ನಿಜವಾದ ಹೆಸರುಗಳು ಆ ಸೊಪ್ಪಿನ ಅಜ್ಜಿಯಂಥವರ ನಾಲಗೆಯಲ್ಲಿವೆ. ತಂತಮ್ಮ ಊರುಗಳಲ್ಲಿ ಇಂಥ ಮಾತುಗಳನ್ನು ಬಲ್ಲವರಿದ್ದರೆ, ಕೇಳಿ ಬರೆದುಕೊಂಡು ಪತ್ರಿಕೆಗೆ ಕಳುಹಿಸಬೇಕೆಂದು ಪ್ರಾರ್ಥಿಸುತ್ತೇನೆ. ಕ್ಷೌಮದ ವಿಷಯದಲ್ಲಿ ವಸ್ತುವು ಹೋಗಿ ಶಬ್ದವುಳಿಯಿತು. ಉಳಿದ ಶಬ್ದಕ್ಕೆ ನಾವು ತಪ್ಪು ಅರ್ಥವನ್ನು ಕಲಿಸಿದೆವು. ಸಣಬಿನ ವಿಷಯದಲ್ಲಿ ವಸ್ತುವೂ ಶಬ್ದವೂ ಒಟ್ಟಿಗೆ ಹೋಗುವುದರಲ್ಲಿವೆ. ಎರಡನೆಯ ನಷ್ಟಕ್ಕೆ ಯಾವ ಕೋಶವೂ ಪರಿಹಾರವನ್ನು ಕೊಡಲಾರದು.